ಹೆಗಲ ಮೇಲೆ ಎರಡು ನಕ್ಷತ್ರ

ಕಾರವಾರದ ಪತ್ರಿಕೆಗಳಲ್ಲಿ ಆಗಾಗ ಒಂದೇ ತರಹದ ಫೋಟೊ ಬರುತ್ತದೆ. ಬಿಳಿ ಸಮವಸ್ತ್ರ ತೊಟ್ಟ ನೌಕಾಪಡೆಯ ಅಧಿಕಾರಿ, ಪಕ್ಕದಲ್ಲಿ ಊರಿನ ಗಣ್ಯರು, ನಡುವೆ ಒಂದು ಹೂಗುಚ್ಛ. ಕೆಳಗೆ ‘ನೌಕಾನೆಲೆಯ ಹಿರಿಯ ಅಧಿಕಾರಿ’ ಎಂದಷ್ಟೇ ಇರುತ್ತದೆ. ಓದಿದವರು ಪುಟ ತಿರುವುತ್ತಾರೆ. ನನ್ನ ಕಣ್ಣು ಮಾತ್ರ ಆ ಹೆಗಲ ಮೇಲೆ ನಿಂತುಬಿಡುತ್ತದೆ. ಅವರು ಯಾರು, ಅವರ ಕೈಕೆಳಗೆ ಏನೇನಿದೆ, ನಾಳೆ ಏನಾದರೂ ಹೆಚ್ಚುಕಡಿಮೆಯಾದರೆ ಉತ್ತರ ಹೇಳಬೇಕಾದವರು ಯಾರು, ಎಲ್ಲವೂ ಅಲ್ಲಿರುತ್ತದೆ. ಓದಲು ಬರಬೇಕು ಅಷ್ಟೇ.

ಪೊಲೀಸರ ಹೆಗಲು ನಮ್ಮೂರಿನವರಿಗೆ ಚೆನ್ನಾಗಿ ಗೊತ್ತು. ಒಂದು ನಕ್ಷತ್ರವಿದ್ದರೆ ಎಎಸ್‌ಐ, ಎರಡಿದ್ದರೆ ಪಿಎಸ್‌ಐ, ಮೂರಿದ್ದರೆ ಇನ್‌ಸ್ಪೆಕ್ಟರ್. ಇದೇ ಲೆಕ್ಕ ಹಿಡಿದು ನೇವಿಯವರನ್ನು ನೋಡಲು ಹೋದರೆ ಎಲ್ಲಾ ತಲೆಕೆಳಗಾಗುತ್ತದೆ. ಯಾಕೆಂದರೆ ಕಾರವಾರದಲ್ಲಿರುವ ನೌಕಾಪಡೆಯ ಅತಿ ಹಿರಿಯ ಅಧಿಕಾರಿಯ ಹೆಗಲ ಮೇಲೂ ಎರಡೇ ನಕ್ಷತ್ರ. ಅವರು ರಿಯರ್ ಅಡ್ಮಿರಲ್. ಭೂಸೇನೆಯ ಮೇಜರ್ ಜನರಲ್‌ಗೆ ಸಮನಾದ ಹುದ್ದೆ. ಪೂರ್ತಿ ಹೆಸರು ‘ಫ್ಲಾಗ್ ಆಫೀಸರ್ ಕಮಾಂಡಿಂಗ್, ಕರ್ನಾಟಕ ನೇವಲ್ ಏರಿಯಾ’. ಅವರ ಮೇಲೆ ಮುಂಬೈಯಲ್ಲಿ ಪಶ್ಚಿಮ ನೌಕಾ ಕಮಾಂಡ್‌ನ ವೈಸ್ ಅಡ್ಮಿರಲ್, ಮೂರು ನಕ್ಷತ್ರ. ಅವರಿಗೂ ಮೇಲೆ ದೆಹಲಿಯಲ್ಲಿ ನೌಕಾಪಡೆಯ ಮುಖ್ಯಸ್ಥರು, ಅಡ್ಮಿರಲ್, ನಾಲ್ಕು ನಕ್ಷತ್ರ. ಐದು ನಕ್ಷತ್ರದ ಹುದ್ದೆಯನ್ನು ನಮ್ಮ ನೌಕಾಪಡೆಯಲ್ಲಿ ಇದುವರೆಗೆ ಯಾರಿಗೂ ಕೊಟ್ಟಿಲ್ಲ.

ರಿಯರ್ ಅಡ್ಮಿರಲ್‌ಗಿಂತ ಒಂದು ಮೆಟ್ಟಿಲು ಕೆಳಗೆ ಕಮೊಡೋರ್. ಅವರ ಕೆಳಗೆ ಕ್ಯಾಪ್ಟನ್. ಇಲ್ಲಿ ನಮ್ಮ ಕಡೆ ಬಹಳ ಗೊಂದಲವಾಗುತ್ತದೆ. ಭೂಸೇನೆಯಲ್ಲಿ ಕ್ಯಾಪ್ಟನ್ ಅಂದರೆ ಇನ್ನೂ ಚಿಕ್ಕ ವಯಸ್ಸಿನ ಹುಡುಗ. ನೌಕಾಪಡೆಯ ಕ್ಯಾಪ್ಟನ್ ಭೂಸೇನೆಯ ಕರ್ನಲ್‌ಗೆ ಸಮ, ದೊಡ್ಡ ಯುದ್ಧನೌಕೆ ನಡೆಸುವವರು. ಸರಕು ಹಡಗಿನ ಕ್ಯಾಪ್ಟನ್ ಬೇರೆಯೇ, ಅವರಿಗೂ ನೌಕಾಪಡೆಗೂ ಸಂಬಂಧವಿಲ್ಲ. ಮದುವೆ ಮಾತುಕತೆಯಲ್ಲಿ ‘ಹುಡುಗ ಕ್ಯಾಪ್ಟನ್’ ಅಂದಾಗ ಯಾವ ಕ್ಯಾಪ್ಟನ್ ಅಂತ ಕೇಳುವವರು ಕಡಿಮೆ. ಇನ್ನೂ ಒಂದು ವಿಷಯವಿದೆ. ನೌಕಾಪಡೆಯಲ್ಲಿ ಹಡಗಿನ ಮುಖ್ಯಸ್ಥರ ಹುದ್ದೆ ಯಾವುದೇ ಇರಲಿ, ಆ ಹಡಗಿನವರಿಗೆ ಅವರೇ ಕ್ಯಾಪ್ಟನ್. 1971ರ ಡಿಸೆಂಬರ್ 4ರ ರಾತ್ರಿ ಕರಾಚಿಯ ಮೇಲೆ ದಾಳಿ ಮಾಡಿದ ಮೂರು ಕ್ಷಿಪಣಿ ದೋಣಿಗಳನ್ನು ನಡೆಸಿದವರು ಲೆಫ್ಟಿನೆಂಟ್ ಕಮಾಂಡರ್‌ಗಳು. ಹೆಗಲ ಮೇಲೆ ಎರಡು ಪಟ್ಟಿ, ನಡುವೆ ಒಂದು ಸಣ್ಣ ಪಟ್ಟಿ ಅಷ್ಟೇ. ಆ ರಾತ್ರಿ ಅವರವರ ದೋಣಿಗೆ ಅವರೇ ಕ್ಯಾಪ್ಟನ್. ಟಾಗೋರ್ ಕಡಲತೀರದಲ್ಲಿ ಮ್ಯೂಸಿಯಂ ಆಗಿ ನಿಂತಿರುವ ಐಎನ್‌ಎಸ್ ಚಪಲ್ ಅದೇ ಬಗೆಯ ದೋಣಿ. ಒಳಗೆ ಹೋಗಿ ನೋಡಿದವರಿಗೆ ಗೊತ್ತು, ತಲೆ ತಗ್ಗಿಸಿಕೊಂಡೇ ಓಡಾಡಬೇಕು. ಅಷ್ಟು ಇಕ್ಕಟ್ಟಿನ ಜಾಗದಲ್ಲಿ ಅಷ್ಟು ಜನರ ಜೀವ ಒಬ್ಬರ ಕೈಯಲ್ಲಿ.

ಪಟ್ಟಿ ಅಂದೆನಲ್ಲ, ಅದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಬಜಾರಿನಲ್ಲಿ ಸಮವಸ್ತ್ರ ಹೊಲಿಯುವ ಟೈಲರ್ ಒಬ್ಬರ ಅಂಗಡಿಯಲ್ಲಿ ಒಂದು ಜೊತೆ ಹೆಗಲಪಟ್ಟಿಯನ್ನು ಕೈಯಲ್ಲಿ ಹಿಡಿದು ನೋಡಿದ್ದೇನೆ. ಅಂಗೈಗಿಂತ ತುಸು ಉದ್ದ. ಒಳಗೆ ಗಟ್ಟಿ, ಮಡಚಲು ಬರುವುದಿಲ್ಲ. ಮೇಲೆ ಕಪ್ಪು ಬಟ್ಟೆ, ಅದರ ಮೇಲೆ ಅಡ್ಡಕ್ಕೆ ಮೂರು ಜರಿ ಪಟ್ಟಿ. ರೇಷ್ಮೆ ಸೀರೆಯ ಅಂಚಿನ ಹಾಗೇ ಬೆರಳಿಗೆ ಒರಟು ತಾಗುತ್ತದೆ. ಕತ್ತಿನ ಕಡೆಗಿರುವ ಪಟ್ಟಿ ಮಾತ್ರ ನಡುವೆ ಒಂದು ಸುತ್ತು ಬಂದು ಸುರುಳಿಯಾಗಿದೆ. ತುದಿಯಲ್ಲಿ ಲಂಗರಿನ ಚಿತ್ರವಿರುವ ಗುಂಡಿ. “ಕಮಾಂಡರ್ ಸಾಹೇಬ್ರದ್ದು ಅಕ್ಕ. ಇಲ್ಲಿನ ಗಾಳಿಗೆ ಜರಿ ಬೇಗ ಕಪ್ಪಾಗ್ತದೆ” ಅಂದರು ಅವರು. ಪ್ರಮೋಶನ್ ಆದರೆ ಇದಕ್ಕೇ ಇನ್ನೊಂದು ಪಟ್ಟಿ ಹೊಲಿಯುತ್ತೀರಾ ಅಂತ ಕೇಳಿದೆ. “ಇಲ್ಲ, ಹಳೇ ಜರಿಗೂ ಹೊಸ ಜರಿಗೂ ಬಣ್ಣ ಕೂಡೋದಿಲ್ಲ. ಪೂರ್ತಿ ಹೊಸದೇ ಮಾಡ್ಬೇಕು” ಅಂದರು.

ಸಬ್ ಲೆಫ್ಟಿನೆಂಟ್‌ಗೆ ಒಂದು ಪಟ್ಟಿ. ಲೆಫ್ಟಿನೆಂಟ್‌ಗೆ ಎರಡು. ಕಮಾಂಡರ್‌ಗೆ ಮೂರು, ಕ್ಯಾಪ್ಟನ್‌ಗೆ ನಾಲ್ಕು. ಅಲ್ಲಿಂದ ಮುಂದೆ ಪಟ್ಟಿ ಸೇರಿಸುತ್ತಾ ಹೋದರೆ ಜಾಗ ಸಾಲುವುದಿಲ್ಲ. ಹಾಗಾಗಿ ಕಮೊಡೋರ್‌ಗೆ ಸಣ್ಣ ಪಟ್ಟಿಗಳೆಲ್ಲ ಹೋಗಿ ಒಂದೇ ಒಂದು ಅಗಲವಾದ ಪಟ್ಟಿ, ಅದರ ಮೇಲೆ ಸುರುಳಿ. ರಿಯರ್ ಅಡ್ಮಿರಲ್‌ಗೆ ಆ ಅಗಲದ ಪಟ್ಟಿಯ ಜೊತೆ ಸುರುಳಿಯಿರುವ ಇನ್ನೊಂದು ಪಟ್ಟಿ. ವೈಸ್ ಅಡ್ಮಿರಲ್‌ಗೆ ಎರಡು, ಅಡ್ಮಿರಲ್‌ಗೆ ಮೂರು. ಇದು ಕಪ್ಪು ಕೋಟಿನ ತೋಳಿನ ಮೇಲೆ ಕಾಣುವ ಲೆಕ್ಕ. ನಾವು ಕಾರವಾರದಲ್ಲಿ ಹೆಚ್ಚಾಗಿ ನೋಡುವುದು ಬಿಳಿ ಸಮವಸ್ತ್ರ. ಅದರಲ್ಲಿ ಅಡ್ಮಿರಲ್‌ಗಳ ಹೆಗಲಿನ ಕಪ್ಪು ಬಟ್ಟೆ ಕಾಣುವುದೇ ಇಲ್ಲ. ಇಡೀ ಹಲಗೆ ಬಂಗಾರದ ಜರಿ, ಅದರ ಮೇಲೆ ನಕ್ಷತ್ರಗಳು. ದೂರದಿಂದ ನೋಡಿದವರಿಗೆ ಬಿಸಿಲಿಗೆ ಹೊಳೆದದ್ದಷ್ಟೇ ಗೊತ್ತಾಗುತ್ತದೆ. ಎಷ್ಟು ನಕ್ಷತ್ರ ಅಂತ ನೋಡಲು ಹತ್ತಿರ ಹೋಗಬೇಕು.

ಆ ಹತ್ತಿರ ಹೋಗುವುದೇ ನಮಗೆ ಆಗಿಲ್ಲ. ಕಾರವಾರದಲ್ಲಿ ನೌಕಾನೆಲೆ ಕಟ್ಟುವ ಸೀಬರ್ಡ್ ಯೋಜನೆಯ ಕನಸು ಕಂಡವರು 1980ರ ದಶಕದ ಆರಂಭದಲ್ಲಿ ನೌಕಾಪಡೆಯ ಮುಖ್ಯಸ್ಥರಾಗಿದ್ದ ಅಡ್ಮಿರಲ್ ಆಸ್ಕರ್ ಸ್ಟ್ಯಾನ್ಲಿ ಡಾಸನ್. ಹಿಂದೆ ಗುಡ್ಡ, ಮುಂದೆ ಆಳವಾದ ನೀರು, ಅಡ್ಡಕ್ಕೆ ದ್ವೀಪ. ಇಂಥ ಜಾಗ ಪಶ್ಚಿಮ ಕರಾವಳಿಯಲ್ಲಿ ಸುಲಭಕ್ಕೆ ಸಿಗುವುದಿಲ್ಲ ಎಂದು ಅವರ ಕಣ್ಣಿಗೆ ಬಿತ್ತು. 1986ರ ಅಕ್ಟೋಬರ್ 24ರಂದು ರಾಜೀವ್ ಗಾಂಧಿ ಅಡಿಗಲ್ಲು ಹಾಕಿದರು. 2005ರ ಮೇ 31ರಂದು ಆ ನೆಲೆ ಐಎನ್‌ಎಸ್ ಕದಂಬ ಎಂಬ ಹೆಸರಿನಲ್ಲಿ ಸೇವೆಗೆ ಸೇರಿತು. ಬನವಾಸಿಯ ಕದಂಬರ ಹೆಸರು. ನಮ್ಮ ಜಿಲ್ಲೆಯ ರಾಜವಂಶದ ಹೆಸರು ನೌಕಾಪಡೆಯ ಪಟ್ಟಿಯಲ್ಲಿ ಸೇರಿದ್ದು ನನಗೆ ಇವತ್ತಿಗೂ ಹೆಮ್ಮೆ. ಆದರೆ ಈ ಎರಡು ತಾರೀಕುಗಳ ನಡುವೆ ಊರೂರೇ ಎದ್ದು ಹೋದವು. ನನ್ನ ಅಮ್ಮನ ತವರುಮನೆ ಅರ್ಗಾದಲ್ಲಿತ್ತು. ಈಗ ಅದು ನೌಕಾನೆಲೆಯ ಗೋಡೆಯ ಆಚೆ. ಅಜ್ಜಿ ಬೇರೆ ಊರಿನ ಮನೆಯಲ್ಲಿ ತೀರಿಕೊಂಡರು. ಸೀಬರ್ಡ್ ನಿರಾಶ್ರಿತರು ಅನ್ನುವ ಮಾತು ನಮ್ಮಲ್ಲಿ ಎಷ್ಟು ಬಳಕೆಯಾಗಿದೆ ಎಂದರೆ ಅದನ್ನು ಬಿಡಿಸಿ ಹೇಳುವ ಅಗತ್ಯವೇ ಇಲ್ಲ.

ಹಾಗಾಗಿ ನಮ್ಮ ಮನೆಯಲ್ಲಿ ಆ ಬಂಗಾರದ ಹೆಗಲನ್ನು ಎರಡು ಮನಸ್ಸಿನಿಂದ ನೋಡುತ್ತಿದ್ದರು. ಅಮ್ಮ ಟಿವಿಯಲ್ಲಿ ಗಣರಾಜ್ಯೋತ್ಸವದ ಪರೇಡ್ ಬಂದರೆ ನೌಕಾಪಡೆಯ ತುಕಡಿ ದಾಟುವ ತನಕ ಏಳುತ್ತಿರಲಿಲ್ಲ. ಅರ್ಗಾದ ಮಾತು ಬಂದರೆ ಎದ್ದು ಒಳಗೆ ಹೋಗುತ್ತಿದ್ದಳು. ಎರಡೂ ನಿಜ. ಒಂದನ್ನು ಬಿಟ್ಟು ಇನ್ನೊಂದನ್ನು ಹೇಳಿದರೆ ಕಾರವಾರದ ಕಥೆ ಅರ್ಧ ಹೇಳಿದ ಹಾಗೆ.

ನನಗೆ ಅನ್ನಿಸುವುದು ಇಷ್ಟು. ಆ ನಕ್ಷತ್ರಗಳನ್ನು ನಾವು ದೊಡ್ಡಸ್ತಿಕೆಯ ಗುರುತು ಎಂದು ಓದುತ್ತೇವೆ. ಅವು ಹೊಣೆಯ ಗುರುತು. ನೌಕಾಪಡೆಯ ಚರಿತ್ರೆ ನೋಡಿದಷ್ಟೂ ಇದು ನನಗೆ ಗಟ್ಟಿಯಾಗುತ್ತಾ ಹೋಗಿದೆ.

ಕಡಲತೀರದಿಂದಲೇ ಶುರು ಮಾಡುತ್ತೇನೆ. 1961ರ ನವೆಂಬರ್‌ನಲ್ಲಿ ನಮ್ಮ ಕಡಲತೀರದ ಎದುರಿಗೇ ಇರುವ ಅಂಜದೀವ್ ದ್ವೀಪದಲ್ಲಿದ್ದ ಪೋರ್ಚುಗೀಸರು ಸಾಬರಮತಿ ಎಂಬ ಪ್ರಯಾಣಿಕರ ಹಡಗಿನ ಮೇಲೆ ಗುಂಡು ಹಾರಿಸಿದರು. ಕೆಲವೇ ದಿನಗಳಲ್ಲಿ ನಮ್ಮ ಕಡೆಯ ಒಬ್ಬ ಮೀನುಗಾರ ಅವರ ಗುಂಡಿಗೆ ಸತ್ತರು. ಡಿಸೆಂಬರ್ 18ರಂದು ಗೋವಾ ಬಿಡುಗಡೆಯ ಕಾರ್ಯಾಚರಣೆ ಶುರುವಾದಾಗ ನೌಕಾಪಡೆಗೆ ಅಂಜದೀವ್ ಹಿಡಿಯುವ ಕೆಲಸ ಬಿತ್ತು. ಭಾರತೀಯ ನೌಕಾಪಡೆಯ ಹಡಗುಬಳಗದ ಮುಖ್ಯಸ್ಥರಾಗಿದ್ದವರು ರಿಯರ್ ಅಡ್ಮಿರಲ್ ಬಿ.ಎಸ್. ಸೋಮನ್. ಎರಡು ನಕ್ಷತ್ರ. ಐಎನ್‌ಎಸ್ ತ್ರಿಶೂಲ್‌ನಿಂದ ನಾವಿಕರು ದ್ವೀಪಕ್ಕೆ ಇಳಿದರು, ಐಎನ್‌ಎಸ್ ಮೈಸೂರು ಬೆಂಬಲಕ್ಕೆ ನಿಂತಿತ್ತು. ಏಳು ಜನ ಪ್ರಾಣ ಕೊಟ್ಟರು. ಆ ಏಳು ಜನರ ಲೆಕ್ಕ ತ್ರಿಶೂಲ್‌ನ ಕ್ಯಾಪ್ಟನ್‌ನಿಂದ ಹಿಡಿದು ಆ ಎರಡು ನಕ್ಷತ್ರದ ತನಕ ಹೋಗುತ್ತದೆ. ಅಂಜದೀವ್ ಕಾಗದದಲ್ಲಿ ಗೋವಾಕ್ಕೆ ಸೇರಿದ್ದು. ಇವತ್ತು ಅಲೆತಡೆ ಗೋಡೆಯಿಂದ ನಮ್ಮ ನೆಲಕ್ಕೆ ಜೋಡಿಸಿಕೊಂಡು ನೌಕಾನೆಲೆಯ ಭಾಗವೇ ಆಗಿದೆ. ಬಿಣಗಾ ಕಡೆಯ ಹೆದ್ದಾರಿಯಲ್ಲಿ ಬಸ್ಸಿನ ಕಿಟಕಿಯಿಂದ ಆ ಕಡೆ ಕಣ್ಣು ಹಾಯಿಸುವವರಲ್ಲಿ ಎಷ್ಟು ಜನಕ್ಕೆ ಆ ಏಳು ಜನರ ವಿಷಯ ಗೊತ್ತು?

ಹತ್ತು ವರ್ಷದ ನಂತರ, 1971ರ ಡಿಸೆಂಬರ್ 9ರ ರಾತ್ರಿ, ದಿಯು ಬಳಿ ಐಎನ್‌ಎಸ್ ಖುಕ್ರಿ ಪಾಕಿಸ್ತಾನದ ಜಲಾಂತರ್ಗಾಮಿಯ ಏಟಿಗೆ ಮುಳುಗಿತು. ಕ್ಯಾಪ್ಟನ್ ಮಹೇಂದ್ರ ನಾಥ್ ಮುಲ್ಲಾ ಹಡಗು ಬಿಡಲು ಆಜ್ಞೆ ಕೊಟ್ಟರು, ತಮ್ಮ ಲೈಫ್ ಜಾಕೆಟ್ ಒಬ್ಬ ನಾವಿಕನಿಗೆ ಕೊಟ್ಟರು, ತಾವು ಹಡಗಿನ ಜೊತೆ ಹೋದರು. 18 ಅಧಿಕಾರಿಗಳು, 176 ನಾವಿಕರು ತೀರಿಕೊಂಡರು. ಹಡಗಿನ ಜೊತೆ ಮುಳುಗಲೇಬೇಕು ಎಂದು ಯಾವ ನಿಯಮವೂ ಅವರಿಗೆ ಹೇಳಿರಲಿಲ್ಲ. ಹೆಗಲ ಮೇಲೆ ನಾಲ್ಕು ಪಟ್ಟಿ ಇತ್ತು, ಕೆಳಗಿನ ಡೆಕ್ಕುಗಳಲ್ಲಿ ಇನ್ನೂ ಜನ ಇದ್ದರು.

ಇನ್ನೊಂದು ಘಟನೆ ಯುದ್ಧದ್ದಲ್ಲ. ಆದರೆ ನಾನು ಜಾಸ್ತಿ ನೆನಪಿಸಿಕೊಳ್ಳುವುದು ಅದನ್ನೇ. 2013ರ ಆಗಸ್ಟ್‌ನಲ್ಲಿ ಮುಂಬೈಯ ಧಕ್ಕೆಯಲ್ಲೇ ಸಿಂಧುರಕ್ಷಕ್ ಜಲಾಂತರ್ಗಾಮಿ ಸ್ಫೋಟವಾಗಿ 18 ಜನ ಸತ್ತರು. ಆಮೇಲೂ ಅವಘಡಗಳು ನಡೆದವು. 2014ರ ಫೆಬ್ರವರಿ 26ರಂದು ಸಿಂಧುರತ್ನ ಜಲಾಂತರ್ಗಾಮಿಯಲ್ಲಿ ಹೊಗೆ ತುಂಬಿ ಇಬ್ಬರು ಅಧಿಕಾರಿಗಳು ತೀರಿಕೊಂಡರು. ಅದೇ ದಿನ ನೌಕಾಪಡೆಯ ಮುಖ್ಯಸ್ಥ ಅಡ್ಮಿರಲ್ ಡಿ.ಕೆ. ಜೋಶಿ ನೈತಿಕ ಹೊಣೆ ಹೊತ್ತು ರಾಜೀನಾಮೆ ಕೊಟ್ಟರು. ಅವರು ಆ ಜಲಾಂತರ್ಗಾಮಿಯ ಒಳಗಿರಲಿಲ್ಲ. ಅವರ ಅವಧಿ ಇನ್ನೂ ಒಂದು ವರ್ಷಕ್ಕಿಂತ ಹೆಚ್ಚು ಬಾಕಿ ಇತ್ತು. ನಾಲ್ಕು ನಕ್ಷತ್ರವನ್ನು ಬಿಚ್ಚಿಟ್ಟು ಮನೆಗೆ ಹೋಗುವುದು ಅಂದರೆ ಸುಮ್ನೆ ಅಲ್ಲ. ನಮ್ಮ ಸಾರ್ವಜನಿಕ ಬದುಕಿನಲ್ಲಿ ಕೆಳಗಿನವನ ತಪ್ಪಿಗೆ ಕೆಳಗಿನವನನ್ನೇ ಸಸ್ಪೆಂಡ್ ಮಾಡಿ ಕೈತೊಳೆದುಕೊಳ್ಳುವುದೇ ಹೆಚ್ಚು. ಆ ದಿನ ಅದು ತಿರುಗುಮುರುಗಾಯಿತು.

ನಕ್ಷತ್ರದ ಎಣಿಕೆ ಎಷ್ಟು ಮೋಸ ಮಾಡಬಹುದು ಎಂದು ನೋಡಬೇಕಾದರೆ ಐಎನ್‌ಎಸ್ ಚಪಲ್ ಪಕ್ಕದಲ್ಲೇ ಇರುವ ಮೇಜರ್ ರಾಮ ರಾಘೋಬ ರಾಣೆ ಅವರ ಪುತ್ಥಳಿಯ ಮುಂದೆ ನಿಲ್ಲಬೇಕು. ಚೆಂಡಿಯಾ ಮೂಲದವರು, ಅಂದರೆ ಈಗಿನ ನೌಕಾನೆಲೆಯ ನೆರೆಯವರು. 1948ರ ಏಪ್ರಿಲ್‌ನಲ್ಲಿ ನೌಶೇರಾ–ರಜೌರಿ ರಸ್ತೆಯಲ್ಲಿ ಗಾಯಗೊಂಡ ಮೈಯಲ್ಲೇ ದಿನಗಟ್ಟಲೆ ನೆಲಬಾಂಬು ತೆಗೆದು, ಟ್ಯಾಂಕುಗಳಿಗೆ ದಾರಿ ಮಾಡಿಕೊಟ್ಟು, ಪರಮವೀರ ಚಕ್ರ ಪಡೆದವರು. ಆಗ ಅವರು ಸೆಕೆಂಡ್ ಲೆಫ್ಟಿನೆಂಟ್. ಆಗಿನ ಭೂಸೇನೆಯ ಅಧಿಕಾರಿಗಳಲ್ಲಿ ಅತಿ ಕೆಳಗಿನ ಹುದ್ದೆ, ಹೆಗಲ ಮೇಲೆ ಒಂದೇ ಒಂದು ನಕ್ಷತ್ರ. ಪೊಲೀಸ್ ಲೆಕ್ಕದಲ್ಲಿ ಓದಿದರೆ ಎಎಸ್‌ಐ, ಅಲ್ವಾ?

ಈಗ ಹೊಸ ಹೆಗಲಪಟ್ಟಿಯ ವಿಷಯ. 1950ರ ಜನವರಿ 26ರಂದು ದೇಶ ಗಣರಾಜ್ಯವಾದಾಗ ನೌಕಾಪಡೆಯ ಲಾಂಛನಗಳಲ್ಲಿದ್ದ ಬ್ರಿಟಿಷ್ ಕಿರೀಟ ಹೋಗಿ ಅಶೋಕನ ಸಿಂಹಗಳು ಬಂದವು. ಉಳಿದದ್ದರಲ್ಲಿ ಬಹಳಷ್ಟು ಹಾಗೇ ಮುಂದುವರಿಯಿತು. 2022ರ ಸೆಪ್ಟೆಂಬರ್ 2ರಂದು ಕೊಚ್ಚಿಯಲ್ಲಿ ಐಎನ್‌ಎಸ್ ವಿಕ್ರಾಂತ್ ಸೇವೆಗೆ ಸೇರಿದ ದಿನ ಧ್ವಜ ಬದಲಾಯಿತು. ಸೇಂಟ್ ಜಾರ್ಜ್ ಶಿಲುಬೆ ಹೋಗಿ ಎಂಟು ಮೂಲೆಯ ಚೌಕಟ್ಟಿನೊಳಗೆ ಲಂಗರು, ‘ಶಂ ನೋ ವರುಣಃ’ ಬಂತು. 2023ರ ಡಿಸೆಂಬರ್ 4ರ ನೌಕಾಪಡೆ ದಿನದಂದು ಸಿಂಧುದುರ್ಗದಲ್ಲಿ ಪ್ರಧಾನಿ ಮೋದಿ ಅವರು ಹೆಗಲಪಟ್ಟಿಯಲ್ಲೂ ಶಿವಾಜಿಯ ಪರಂಪರೆ ಕಾಣುತ್ತದೆ ಎಂದು ಹೇಳಿದರು. ಡಿಸೆಂಬರ್ 29ರಂದು ನೌಕಾಪಡೆ ಹೊಸ ವಿನ್ಯಾಸ ತೋರಿಸಿತು. ಅದು ಅಡ್ಮಿರಲ್‌ಗಳಿಗೆ ಮಾತ್ರ, ಅಂದರೆ ರಿಯರ್ ಅಡ್ಮಿರಲ್‌ನಿಂದ ಮೇಲಿನವರಿಗೆ. ನೌಕಾಪಡೆಯ ಬಂಗಾರದ ಗುಂಡಿ, ಶಿವಾಜಿಯ ರಾಜಮುದ್ರೆಯಿಂದ ಬಂದ ಅಷ್ಟಕೋನ, ಒಂದು ಕತ್ತಿ, ಒಂದು ದೂರದರ್ಶಕ. ಅಷ್ಟಕೋನ ಎಂಟು ದಿಕ್ಕುಗಳಿಗೆ, ಕತ್ತಿ ಬಲಕ್ಕೆ, ದೂರದರ್ಶಕ ಮುಂದಿನದನ್ನು ನೋಡುವ ಕಣ್ಣಿಗೆ ಎಂದು ನೌಕಾಪಡೆ ವಿವರಿಸಿತು.

ಕಾರವಾರದವರಿಗೆ ಈ ಅಷ್ಟಕೋನ ದೂರದ ಮಾತಲ್ಲ. 1665ರಲ್ಲಿ ಶಿವಾಜಿ ಸಮುದ್ರದ ದಾರಿಯಲ್ಲಿ ಬಂದು ಬಸರೂರು ಸೂರೆ ಮಾಡಿ, ಗೋಕರ್ಣಕ್ಕೆ ಹೋಗಿ, ಹಾಗೇ ಕಾರವಾರದ ತನಕ ಬಂದರು. ಇಲ್ಲಿ ವಖಾರಿ ಇಟ್ಟುಕೊಂಡಿದ್ದ ಇಂಗ್ಲಿಷ್ ವ್ಯಾಪಾರಿಗಳು ತಮ್ಮ ಪಾಲಿನ ಹಣ ಕೊಟ್ಟು ಪಾರಾದರು. ಹೊಸ ಹೆಗಲಪಟ್ಟಿಯ ಮುದ್ರೆಯ ಒಡೆಯ ನಮ್ಮ ಇದೇ ನೀರಿನಲ್ಲಿ ಹಡಗು ನಡೆಸಿದವರು. ಬಸರೂರಿನವರ ನೆನಪಿನಲ್ಲಿ ಅದು ಬೇರೆ ಬಣ್ಣದಲ್ಲಿ ಉಳಿದಿರಬಹುದು, ಅದನ್ನೂ ಮರೆಯಬಾರದು.

ನನಗೆ ಬಹಳ ಹಿಡಿಸಿದ್ದು ದೂರದರ್ಶಕ. ಕತ್ತಿ ಎಲ್ಲಾ ಸೇನೆಗಳ ಬಿಲ್ಲೆಗಳಲ್ಲೂ ಇರುತ್ತದೆ. ಹಡಗಿನವರ ಕೆಲಸ ಮೊದಲು ನೋಡುವುದು. ಕರಾವಳಿಯ ಅಡ್ಮಿರಲ್ ನೋಡಬೇಕಾದದ್ದು ಶತ್ರು ಹಡಗನ್ನು ಮಾತ್ರ ಅಲ್ಲ. ಬೈತಖೋಲದಿಂದ ಹೊರಡುವ ಪರ್ಸಿನ್ ಬೋಟು, ಪಾತಿ ದೋಣಿ, ಮಳೆಗಾಲದಲ್ಲಿ ಇಂಜಿನ್ ಕೆಟ್ಟು ತೇಲುತ್ತಿರುವ ಟ್ರಾಲ್ ಬೋಟು, ಇವೆಲ್ಲವೂ ಆ ದೂರದರ್ಶಕದೊಳಗೆ ಬರಬೇಕು. ಗೋಡೆಯ ಈಚೆಗಿನ ಊರುಗಳೂ ಬರಬೇಕು. ಮೀನುಗಾರಿಕೆಗೆ ಎಲ್ಲಿಯ ತನಕ ಹೋಗಬಹುದು, ಯಾವ ದಾರಿ ಮುಚ್ಚುತ್ತದೆ, ಯಾವುದು ತೆರೆಯುತ್ತದೆ ಅನ್ನುವುದರ ಮೇಲೆ ಇಲ್ಲಿ ಮನೆಗಳ ಊಟ ನಿಂತಿದೆ. ಹೆಗಲು ಓದಲು ಕಲಿತರೆ ಯಾವ ಮಾತನ್ನು ಯಾರ ಹತ್ತಿರ ಹೇಳಬೇಕು ಎಂದು ಗೊತ್ತಾಗುತ್ತದೆ. ಗೇಟಿನಲ್ಲಿ ನಿಂತ ನಾವಿಕನ ಮೇಲೆ ರೇಗಾಡಿ ಉಪಯೋಗವಿಲ್ಲ. ಅವನ ತೋಳಿನ ಮೇಲಿನ ಲಂಗರಿಗೆ ಆ ಅಧಿಕಾರವಿಲ್ಲ.

ಇನ್ನು ಪಟ್ಟಿಯ ಮೇಲಿನ ಆ ಸುರುಳಿ. ಅದು 19ನೇ ಶತಮಾನದ ಬ್ರಿಟಿಷ್ ನೌಕಾಪಡೆಯಿಂದ ಬಂದದ್ದು. ಕಮೊಡೋರ್ ಮತ್ತು ಕೆಳಗಿನವರ ಹೆಗಲಲ್ಲಿ ಉಳಿದಿದೆ. ತೆಗೆಯಬೇಕು ಅನ್ನುವವರಿದ್ದಾರೆ. ನನಗೆ ಅದರ ಬಗ್ಗೆ ಅಂಥ ತಕರಾರಿಲ್ಲ. ಮುಲ್ಲಾ ಅವರೂ ಆ ಸುರುಳಿಯನ್ನೇ ತೊಟ್ಟಿದ್ದರು. ಅದು ಯಾವಾಗಲೋ ನಮ್ಮದಾಗಿದೆ.

ಅಣ್ಣನ ಮಗಳು ಈ ವರ್ಷ ಪಿಯುಸಿ ವಿಜ್ಞಾನ ಓದುತ್ತಿದ್ದಾಳೆ. ಹೋದ ವಾರ ಕೇಳಿದಳು, “ಅತ್ತೆ, ಹುಡುಗಿಯರಿಗೂ ಆ ಎರಡು ಸ್ಟಾರ್ ಸಿಗ್ತದಾ?” ಸಿಕ್ಕಿದೆ, ಅದಕ್ಕಿಂತ ಹೆಚ್ಚೂ ಸಿಕ್ಕಿದೆ ಅಂದೆ. ಪುನೀತಾ ಅರೋರಾ ಅವರು ಸರ್ಜನ್ ವೈಸ್ ಅಡ್ಮಿರಲ್ ಆಗಿದ್ದರು. 2024ರಲ್ಲಿ ಸರ್ಜನ್ ವೈಸ್ ಅಡ್ಮಿರಲ್ ಆರತಿ ಸರಿನ್ ಅವರು ಮೂರೂ ಪಡೆಗಳ ವೈದ್ಯಕೀಯ ಸೇವೆಯ ಮುಖ್ಯಸ್ಥರಾದರು. “ಅವರು ಡಾಕ್ಟರು. ಹಡಗು ನಡೆಸುವವರು?” ಎಂದು ಬಿಡದೆ ಕೇಳಿದಳು. ಪ್ರೇರಣಾ ದೇವಸ್ಥಳಿ 2023ರಲ್ಲಿ ಐಎನ್‌ಎಸ್ ತ್ರಿಂಕಟ್‌ಗೆ ನೇಮಕವಾದರು, ನೌಕಾಪಡೆಯ ಯುದ್ಧನೌಕೆಯೊಂದರ ಮೊದಲ ಮಹಿಳಾ ಕಮಾಂಡಿಂಗ್ ಆಫೀಸರ್. ಸೇನಾಧಿಕಾರಿಗಳನ್ನು ತಯಾರು ಮಾಡುವ ರಾಷ್ಟ್ರೀಯ ರಕ್ಷಣಾ ಅಕಾಡೆಮಿಯ, ಅಂದರೆ ಎನ್‌ಡಿಎಯ ಬಾಗಿಲು ಹುಡುಗಿಯರಿಗೆ ತೆರೆದದ್ದು 2021ರ ಸುಪ್ರೀಂ ಕೋರ್ಟ್ ಆದೇಶದ ನಂತರ. ಅಲ್ಲಿಂದ ಮೊದಲ 17 ಹುಡುಗಿಯರು ಹೊರಬಂದದ್ದು 2025ರ ಮೇನಲ್ಲಿ.

ಆಮೇಲೆ ಇಬ್ಬರೂ ಕುಳಿತು ಲೆಕ್ಕ ಹಾಕಿದೆವು. ಎನ್‌ಡಿಎಯಲ್ಲಿ ಮೂರು ವರ್ಷ. ಎಳಿಮಲದ ನೌಕಾ ಅಕಾಡೆಮಿಯಲ್ಲಿ ಒಂದು ವರ್ಷ. ಅದು ನಮ್ಮದೇ ರೈಲು ದಾರಿಯಲ್ಲಿ ಮಂಗಳೂರು ದಾಟಿದ ಮೇಲೆ ಸಿಗುತ್ತದೆ. ಆಗ ಮೊದಲ ಪಟ್ಟಿ. ಎರಡು ವರ್ಷಕ್ಕೆ ಲೆಫ್ಟಿನೆಂಟ್, ಆರು ವರ್ಷಕ್ಕೆ ಲೆಫ್ಟಿನೆಂಟ್ ಕಮಾಂಡರ್, 13 ವರ್ಷಕ್ಕೆ ಕಮಾಂಡರ್. ಅಲ್ಲಿಯ ತನಕ ಸೇವೆಯ ವರ್ಷ ನೋಡಿ ಕೊಡುತ್ತಾರೆ. ಕ್ಯಾಪ್ಟನ್‌ನಿಂದ ಮುಂದೆ ಆಯ್ಕೆ, ಪ್ರತಿ ಮೆಟ್ಟಿಲಲ್ಲೂ ಬಹಳ ಜನ ಹಿಂದೆ ಉಳಿಯುತ್ತಾರೆ. ರಿಯರ್ ಅಡ್ಮಿರಲ್ ಆಗುವ ಹೊತ್ತಿಗೆ ಸಾಮಾನ್ಯವಾಗಿ ಐವತ್ತು ದಾಟಿರುತ್ತದೆ. “ಅಪ್ಪನ ಈಗಿನ ವಯಸ್ಸಿಗಿಂತ ಜಾಸ್ತಿ” ಅಂದಳು. ಹೆದರಿದ ಹಾಗೆ ಕಾಣಲಿಲ್ಲ.

ಎನ್‌ಡಿಎ ಪರೀಕ್ಷೆ ವರ್ಷಕ್ಕೆ ಎರಡು ಸಲ. ಗಣಿತಕ್ಕೆ 300 ಅಂಕ, ಸಾಮಾನ್ಯ ಸಾಮರ್ಥ್ಯಕ್ಕೆ 600, ಆಮೇಲೆ ಸಂದರ್ಶನಕ್ಕೆ 900. ಇಷ್ಟು ದೊಡ್ಡ ನೌಕಾನೆಲೆಯ ಪಕ್ಕದಲ್ಲಿ ಬೆಳೆಯುವ ನಮ್ಮ ಮಕ್ಕಳಲ್ಲಿ ಎಷ್ಟೋ ಜನಕ್ಕೆ ಈ ಅರ್ಜಿ ಯಾವಾಗ ಬರುತ್ತದೆ ಎಂದೂ ಗೊತ್ತಿಲ್ಲ. ನಾನು ಪಾಠ ಮಾಡುವ ಶಾಲೆಯಲ್ಲಿ ಭಾನುವಾರ ಒಂದು ಕೊಠಡಿ ಖಾಲಿ ಇರುತ್ತದೆ, ಕೇಳಿದರೆ ಕೊಡುತ್ತಾರೆ. ಕಾರವಾರ, ಅಂಕೋಲಾ ಕಡೆ ನೆಲೆಸಿರುವ ನಿವೃತ್ತ ನೌಕಾ ಅಧಿಕಾರಿಗಳು, ನಾವಿಕರು ಯಾರಾದರೂ ಇದನ್ನು ಓದುತ್ತಿದ್ದರೆ ದಯವಿಟ್ಟು ಕಾಮೆಂಟಿನಲ್ಲಿ ತಿಳಿಸಿ. ಗಣಿತ ನಾನು ನೋಡಿಕೊಳ್ಳುತ್ತೇನೆ. ಉಳಿದದ್ದಕ್ಕೆ ನೀವು ಬೇಕು.